ಎಪಿಪಿ ಆಗಿ ಹೋಗಿ, ಬೇಡ ಅನ್ನಿಸಿದರೆ ವಾಪಸ್ ಪ್ರಾಕ್ಟೀಸಿಗೆ ಬರಬಹುದಾ?

ತಾಲ್ಲೂಕು ಕೋರ್ಟಿನಲ್ಲಿ ಆರು ವರ್ಷ ಆಗಿದೆ, ಎಪಿಪಿ (ಅಸಿಸ್ಟೆಂಟ್ ಪಬ್ಲಿಕ್ ಪ್ರಾಸಿಕ್ಯೂಟರ್, ಅಂದರೆ ಕ್ರಿಮಿನಲ್ ಕೇಸುಗಳಲ್ಲಿ ಸರ್ಕಾರದ ಪರ ವಾದಿಸುವ ಸಂಬಳದ ವಕೀಲ) ಆಯ್ಕೆ ಪಟ್ಟಿಯಲ್ಲಿ ಹೆಸರು ಬಂದಿದೆ, ಹೋಗಿ ನೋಡಿ ಆಗದಿದ್ದರೆ ವಾಪಸ್ ಬರ್ತೀನಿ ಅಂತೀರಿ. ನಾನೂ ಹಾಗೇ ಅಂದುಕೊಂಡು ಹೋದವನು. ಸರ್ಕಾರಿ ಕೆಲಸ ಹಿಡಿಸದಿದ್ದರೆ ಕರಿ ಕೋಟು ಎಲ್ಲಿಗೆ ಓಡಿಹೋಗುತ್ತೆ ಅಂತ!

ನನ್ನದು ತುಮಕೂರು ಕಡೆಯ ಒಂದು ತಾಲ್ಲೂಕು. ಹೆಚ್ಚಾಗಿ ಜಮೀನಿನ ದಾವೆಗಳು. ನೇಮಕದ ಆರ್ಡರ್ ಬಂದಾಗ ನನ್ನ ಕೈಯಲ್ಲಿದ್ದ ಫೈಲುಗಳನ್ನೆಲ್ಲ ಪಕ್ಕದ ಟೇಬಲಿನ ಗೆಳೆಯನಿಗೆ ಕೊಟ್ಟು 'ನೋಡ್ಕೊಳ್ಳಪ್ಪ' ಅಂದೆ. ಅವನು ಹೂಂ ಅಂದ. ಅಷ್ಟೇ. ಪೋಸ್ಟಿಂಗ್ ಆಗಿದ್ದು ಕಲ್ಯಾಣ ಕರ್ನಾಟಕದ ಒಂದು ಊರಿಗೆ. ಬಸ್ ಹತ್ತಿದೆ.

ಆ ಫೈಲುಗಳಲ್ಲಿ ಒಬ್ಬ ಅಜ್ಜನ ದಾವೆ ಇತ್ತು. ತೆಂಗಿನ ತೋಟ. ಪಕ್ಕದವನು ಬದು ಒತ್ತಿಕೊಂಡು ಬರುತ್ತಿದ್ದ. ಅವನು ತೋಟಕ್ಕೆ ಕೈ ಹಾಕದಂತೆ ಶಾಶ್ವತ ನಿರ್ಬಂಧಕಾಜ್ಞೆ ಕೇಳಿ ದಾವೆ ಹಾಕಿದ್ದೆವು, ಮಧ್ಯಂತರ ಆದೇಶವೂ ಸಿಕ್ಕಿತ್ತು. ಅಜ್ಜನಿಗೆ ನಾನು ಯಾವಾಗಲೂ ಹೇಳುತ್ತಿದ್ದ ಮಾತು: 'ಪ್ರತಿ ವಾಯಿದೆಗೂ ಬರಬೇಡಿ, ಬಸ್ ಚಾರ್ಜು ದಂಡ, ಬೇಕಾದಾಗ ನಾನೇ ಫೋನ್ ಮಾಡ್ತೀನಿ.' ನಾನು ಹೋದಮೇಲೂ ಅಜ್ಜ ಅದೇ ಮಾತು ನಂಬಿಕೊಂಡು ತೋಟದಲ್ಲೇ ಇದ್ದರು.

ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕು, ಯಾಕೆಂದರೆ ನೀವೂ ಇದನ್ನೇ ಮಾಡೋದು ಗ್ಯಾರಂಟಿ. ಫೈಲು ಕೈ ಬದಲಾಯಿಸಿದರೆ ವಕಾಲತ್ತು (ಇವರೇ ನನ್ನ ವಕೀಲರು ಅಂತ ಕಕ್ಷಿದಾರ ಸಹಿ ಹಾಕಿ ಕೋರ್ಟಿಗೆ ಕೊಡುವ ಪತ್ರ) ಬದಲಾಗುವುದಿಲ್ಲ. ಸಿಪಿಸಿ, ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 3 ರೂಲ್ 4 ತೆಗೆದು ಓದಿ. ಒಮ್ಮೆ ಹಾಕಿದ ವಕಾಲತ್ತು, ಕೋರ್ಟಿನ ಅನುಮತಿ ಪಡೆದು ಬರವಣಿಗೆಯಲ್ಲಿ ಹಿಂತೆಗೆದುಕೊಳ್ಳುವ ತನಕ ಅಲ್ಲೇ ಇರುತ್ತದೆ. ಕಡತದಲ್ಲಿ ವಾದಿ ಪರ ವಕೀಲ ನಾನೇ. ಆದರೆ ಸಂಬಳದ ಸರ್ಕಾರಿ ನೌಕರನಾಗಿ ನಾನು ಆ ಕೋರ್ಟಿನಲ್ಲಿ ಅಜ್ಜನ ಪರ ನಿಲ್ಲುವ ಹಾಗೇ ಇಲ್ಲ. ಗೆಳೆಯನದು ವಕಾಲತ್ತೇ ಇಲ್ಲ. ಅವನು ಸೌಜನ್ಯಕ್ಕೆ ಎದ್ದು ನಿಂತು ವಾಯಿದೆ ಕೇಳುತ್ತಿದ್ದ, ಜಡ್ಜೂ ಕೊಡುತ್ತಿದ್ದರು. ಆಮೇಲೆ ಊರಿಗೆ ಇನ್ನೊಂದು ಹೆಚ್ಚುವರಿ ಕೋರ್ಟ್ ಬಂತು. ಒಂದಷ್ಟು ಕಡತ ಅಲ್ಲಿಗೆ ವರ್ಗ ಆದವು. ಅವನ ಡೈರಿಯಲ್ಲಿ ಹಳೇ ಕೋರ್ಟೇ ಉಳಿಯಿತು. ಹೊಸ ಕೋರ್ಟಿನಲ್ಲಿ ಕೂಗಿದಾಗ ವಾದಿ ಇಲ್ಲ, ವಕೀಲರಿಲ್ಲ. ದಾವೆ ಗೈರುಹಾಜರಿಗೆ ವಜಾ. ಅದರ ಜೊತೆಗೆ ಮಧ್ಯಂತರ ಆದೇಶವೂ ಹೋಯಿತು.

ವಜಾ ಆದ ದಾವೆಯನ್ನು ಮತ್ತೆ ಎಬ್ಬಿಸಲು ಅರ್ಜಿ ಹಾಕಬೇಕು, ಆರ್ಡರ್ 9 ರೂಲ್ 9. ಕಾಲಮಿತಿ 30 ದಿನ. ಅಜ್ಜನಿಗೆ ವಿಷಯ ಗೊತ್ತಾಗಿದ್ದು ಅದೆಲ್ಲ ಮುಗಿದಮೇಲೆ, ಪಕ್ಕದವನು ಕಲ್ಲುಕಂಬ ನೆಟ್ಟು ತಂತಿ ಎಳೆದಾಗ. ಮಗ ನನಗೆ ಫೋನ್ ಮಾಡಿದ. 'ಸಾರ್, ನಮ್ ಕೇಸ್ ಇದೆಯಾ ಇಲ್ವಾ?' ನನಗೂ ಗೊತ್ತಿರಲಿಲ್ಲ. ವಿಳಂಬ ಮನ್ನಾ ಅರ್ಜಿ ಹಾಕಿಸಿದೆವು. ಕೊನೆಗೆ ಕೋರ್ಟು ಖರ್ಚು ವಿಧಿಸಿ ದಾವೆಯನ್ನು ಮತ್ತೆ ಕಡತಕ್ಕೆ ತೆಗೆದುಕೊಂಡಿತು. ಖರ್ಚು ನಾನೇ ಕಟ್ಟಿದೆ. ಅಷ್ಟರಲ್ಲಿ ಬೇಲಿ ಎದ್ದಾಗಿತ್ತು. ಎದ್ದ ಬೇಲಿ ಕೀಳಿಸೋದು ಬೇರೆಯದೇ ಹೋರಾಟ, ನಿಮಗೆ ಗೊತ್ತಲ್ಲ.

ಎಪಿಪಿ ಕೆಲಸ ಕೆಟ್ಟದ್ದಾ ಅಂದರೆ, ಖಂಡಿತ ಅಲ್ಲ. ನಾನು ಪಾಟೀಸವಾಲು ಕಲಿತಿದ್ದೇ ಅಲ್ಲಿ. ಪಂಚ (ಪೊಲೀಸರ ಮಹಜರಿಗೆ ಸಹಿ ಹಾಕಿದ ಸಾಕ್ಷಿ) ಕಟಕಟೆಗೆ ಬಂದು 'ಸ್ಟೇಷನ್ನಲ್ಲಿ ಸೈನ್ ಹಾಕು ಅಂದ್ರು ಹಾಕ್ದೆ ಸ್ವಾಮಿ' ಅಂತಾನೆ. ಆಗ ನಮ್ಮ ಸಾಕ್ಷಿಯನ್ನೇ ಪ್ರತಿಕೂಲ ಅಂತ ಮಾಡಿಕೊಂಡು ನಾವೇ ಪ್ರಶ್ನೆ ಹಾಕಬೇಕು. ದಿನವೂ ಇದೇ. ಎರಡು ಜಿಲ್ಲೆ ತಿರುಗಿದೆ, ಅಮ್ಮನ ಆರೋಗ್ಯ ಕೆಟ್ಟಿತು, ರಾಜೀನಾಮೆ ಕೊಟ್ಟು ಊರಿಗೆ ಬಂದೆ. ಹೋಟೆಲಿನಲ್ಲಿ ಕಾಫಿ ಕುಡಿಯುವವರ ಬಾಯಲ್ಲೂ ನಾನು 'ನೌಕ್ರಿ ಸಿಕ್ಕಿದ್ದೇ ತಡ ಅಜ್ಜನ್ನ ಕೈಬಿಟ್ಟ ಲಾಯರು'. ಹಳೇ ಕಕ್ಷಿದಾರರು ಎದುರು ಸಿಕ್ಕರೆ ನಮಸ್ಕಾರ ಮಾಡುತ್ತಿದ್ದರು. ಫೈಲು ಮಾತ್ರ ಬೇರೆ ಕಡೆ.

ಹಾಗಾಗಿ ಸೇಫ್ ಯಾವುದು ಅಂತ ಕೇಳಬೇಡಿ, ಆ ಪ್ರಶ್ನೆಯೇ ಸರಿ ಇಲ್ಲ. ಪಿಂಚಣಿ ಲೆಕ್ಕ ಹಾಕುತ್ತಿದ್ದರೆ, 2006ರ ಏಪ್ರಿಲ್‌ನಿಂದ ಈಚೆಗೆ ಸೇರುವವರಿಗೆ ಎನ್‌ಪಿಎಸ್ (ಕಟ್ಟಿದ ವಂತಿಗೆಯ ಮೇಲೆ ನಿಂತ ಪಿಂಚಣಿ), ಹಳೇ ನಿಶ್ಚಿತ ಪಿಂಚಣಿ ಅಲ್ಲ. ಕ್ರಿಮಿನಲ್ ಟ್ರಯಲ್ ಇಷ್ಟ ಇದ್ದರೆ ಹೋಗಿ, ಇದ್ದುಬಿಡೋಕೆ ಹೋಗಿ. 'ನೋಡಿ ಬರ್ತೀನಿ' ಅನ್ನುವವರು ಹೋಗಲೇಬೇಡಿ. (ಸರ್ಕಾರಿ ವಕೀಲರು, ಹೈಕೋರ್ಟಿನ ಎಚ್‌ಸಿಜಿಪಿಗಳು (ಹೈಕೋರ್ಟ್ ಗವರ್ನಮೆಂಟ್ ಪ್ಲೀಡರ್‌ಗಳು) ಬೇರೆ. ಅವರನ್ನು ಸರ್ಕಾರ ನೇಮಿಸುತ್ತೆ, ಸರ್ಕಾರವೇ ಬದಲಿಸುತ್ತೆ. ಅದನ್ನೂ ಇದನ್ನೂ ಒಂದೇ ಅಂದುಕೊಂಡು ಸಲಹೆ ಕೊಡುವವರು ಜಾಸ್ತಿ.)

ಮುಂದೆ ಜಿಲ್ಲಾ ನ್ಯಾಯಾಧೀಶರ ನೇರ ನೇಮಕಾತಿ ಬರೆಯುವ ಆಸೆ ಇದ್ದರೆ ಸನ್ನದಿನ (ವಕೀಲಿ ಮಾಡಲು ಬಾರ್ ಕೌನ್ಸಿಲ್ ಕೊಡುವ ಪರವಾನಗಿ) ವಿಷಯ ಹಗುರವಾಗಿ ತೆಗೆದುಕೊಳ್ಳಬೇಡಿ. ಅದಕ್ಕೆ ಏಳು ವರ್ಷ ವಕೀಲರಾಗಿರಬೇಕು. ಕರ್ನಾಟಕದ ಪ್ರಾಸಿಕ್ಯೂಟರ್‌ಗಳದ್ದೇ ಒಂದು ಕೇಸು 2009ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಸೋತಿತು. ಅವರು ಕೆಲಸಕ್ಕೆ ಸೇರುವಾಗ ಸನ್ನದನ್ನು ಬಾರ್ ಕೌನ್ಸಿಲಿಗೆ ವಾಪಸ್ ಒಪ್ಪಿಸಿದ್ದರು. 2013ರಲ್ಲಿ ದೀಪಕ್ ಅಗರ್‌ವಾಲ್ ತೀರ್ಪಿನಲ್ಲಿ, ಕೋರ್ಟಿನಲ್ಲಿ ವಾದಿಸುವ ಪ್ರಾಸಿಕ್ಯೂಟರ್ ವಕೀಲನಾಗಿಯೇ ಉಳಿಯುತ್ತಾನೆ ಅಂದರು. ಸನ್ನದಿನ ಬಗ್ಗೆ ಬಾರ್ ಕೌನ್ಸಿಲಿಗೆ ಕೊಡುವ ಅರ್ಜಿಗೆ ಸಹಿ ಹಾಕುವ ಮುಂಚೆ ಈ ಎರಡನ್ನೂ ಓದಿ.

ಹೋಗುವುದೇ ಖಚಿತ ಆದರೆ, ಆರ್ಡರ್ ಕೈಗೆ ಬರುವ ಮೊದಲೇ ಗುಮಾಸ್ತರನ್ನು ಕೂರಿಸಿಕೊಂಡು ಒಂದೊಂದೇ ಫೈಲು ತೆಗೆಯಿರಿ. ಕಕ್ಷಿದಾರರನ್ನು ಕರೆಸಿ, ಹೊಸ ವಕೀಲರ ವಕಾಲತ್ತಿಗೆ ನಿಮ್ಮ ಎದುರೇ ಸಹಿ ಹಾಕಿಸಿ. ನೀವು ಆ ಕೇಸಿನಿಂದ ಹಿಂದೆ ಸರಿಯುವ ನಿವೃತ್ತಿ ಮೆಮೊ ಹಾಕಿ, ಅದಕ್ಕೆ ಕೋರ್ಟಿನ ಅನುಮತಿ ಆಗಿದೆಯಾ ಅಂತ ಆರ್ಡರ್ ಶೀಟ್ ನೋಡಿ. ಮುಂದಿನ ವಾಯಿದೆ ದಿನಾಂಕ, ಕೋರ್ಟ್ ಹಾಲ್, ಹೊಸ ವಕೀಲರ ಫೋನ್ ನಂಬರ್, ಮೂರನ್ನೂ ಒಂದು ಚೀಟಿಯಲ್ಲಿ ಬರೆದು ಕಕ್ಷಿದಾರರ ಕೈಗೆ ಕೊಡಿ. ವಯಸ್ಸಾದವರಾದರೆ ಮಗನಿಗೋ ಮಗಳಿಗೋ ಇನ್ನೊಂದು ಕೊಡಿ.