ಹಿಂಸೆ ಯಾವಾಗಲೂ ತಪ್ಪೇ? ಗಾಂಧೀಜಿ ಏನು ಹೇಳಿದ್ದರು?

"ಯಾವ ಸಂದರ್ಭದಲ್ಲೂ ಹಿಂಸೆ ಸರಿಯಲ್ಲ ಅಂತ ಗಾಂಧೀಜಿ ಹೇಳಿದ್ದರು, ಅಲ್ವಾ?" ಎಂದು ಕೇಳಿದ್ದೀರಿ. ಪೂರ್ತಿ ಹಾಗಲ್ಲ.

1928ರಲ್ಲಿ ಸಾಬರಮತಿ ಆಶ್ರಮದ ಒಂದು ಕರು ಕಾಯಿಲೆ ಬಿದ್ದು ವಿಪರೀತ ನರಳುತ್ತಿತ್ತು. ಉಳಿಯುವ ಆಸೆ ಇರಲಿಲ್ಲ. ಗಾಂಧೀಜಿ ಡಾಕ್ಟರನ್ನು ಕರೆಸಿ, ಇಂಜೆಕ್ಷನ್ ಕೊಡಿಸಿ ಅದರ ಪ್ರಾಣ ತೆಗೆಸಿದರು. ಅಹಿಂಸೆಯ ಮಾತಾಡುವವರು ಕರುವನ್ನು ಕೊಲ್ಲಿಸುವುದೇ? ಜನ ಸಿಟ್ಟಿಗೆದ್ದರು, ಜೈನರಲ್ಲೂ ಹಲವರು ಒಪ್ಪಲಿಲ್ಲ. ಗಾಂಧೀಜಿ ಸುಮ್ನೆ ಕೂರಲಿಲ್ಲ, ಪತ್ರಿಕೆಯಲ್ಲೇ ಉತ್ತರ ಬರೆದರು. ಸಿಟ್ಟಿನಿಂದಲೋ ಸ್ವಾರ್ಥಕ್ಕೋ ನೋಯಿಸಿದರೆ ಅದು ಹಿಂಸೆ. ಬೇರೆ ದಾರಿಯೇ ಇಲ್ಲದಾಗ, ನೋವಿನಿಂದ ಬಿಡಿಸಲೆಂದೇ ಪ್ರಾಣ ತೆಗೆದರೆ ಅದು ಅಹಿಂಸೆಯೇ ಆಗಬಹುದು. ಇದು ಅವರ ವಾದದ ತಿರುಳು.

1920ರಲ್ಲೇ ಅವರು ಇನ್ನೊಂದು ಮಾತು ಬರೆದಿದ್ದರು: ಹೇಡಿತನ, ಹಿಂಸೆ ಇವೆರಡೇ ಉಳಿದರೆ ಹಿಂಸೆಯನ್ನೇ ಆರಿಸಿಕೊಳ್ಳಿ ಎನ್ನುತ್ತೇನೆ ಅಂತ. ಆದರೂ ಅಹಿಂಸೆಯೇ ಎಷ್ಟೋ ಮೇಲು ಎಂದು ಅಲ್ಲೇ ಸೇರಿಸಿದ್ದರು.

ನನಗೆ ಇಲ್ಲೊಂದು ಅಳುಕಿದೆ. "ನನ್ನ ಉದ್ದೇಶ ಒಳ್ಳೆಯದೇ" ಅಂತ ಯಾರು ಬೇಕಾದರೂ ಹೇಳಬಹುದು. ಅದಕ್ಕೇ ರಾಜಕೀಯ ಚಿಂತಕಿ ಹನ್ನಾ ಅರೆಂಟ್ 1970ರಲ್ಲಿ ಕೊಟ್ಟ ಅಳತೆ ನನಗೆ ಜಾಸ್ತಿ ಹಿಡಿಸುತ್ತದೆ. ಕಣ್ಣೆದುರೇ ಅಪಾಯ ಬಂದಾಗ ಆತ್ಮರಕ್ಷಣೆಗೆ ಕೈ ಎತ್ತಿದರೆ ಯಾರೂ ಪ್ರಶ್ನಿಸುವುದಿಲ್ಲ. ಗುರಿ ದೂರ ಹೋದಷ್ಟೂ ಸಮರ್ಥನೆ ಸಡಿಲವಾಗುತ್ತದೆ. ಐವತ್ತು ವರ್ಷದ ನಂತರ ಬರುವ ಒಳ್ಳೆಯ ಸಮಾಜಕ್ಕಾಗಿ ಇವತ್ತು ಕೊಲ್ಲುತ್ತೇನೆ ಅನ್ನುವವನನ್ನು ಈ ಅಳತೆಯಲ್ಲಿ ನಿಲ್ಲಿಸಿ ನೋಡಿ.