ಹುಡುಕುವ ತಂತ್ರಾಂಶ ತೆರೆಯುತ್ತಿಲ್ಲವೇಕೆ?

ಪ್ರಶ್ನೆ: ನಾನು ಮಂಡ್ಯದಲ್ಲಿ ಪತ್ರ ಬರಹಗಾರ. ಹಳೆಯ ಕ್ರಯಪತ್ರಗಳ ಕರಡುಗಳಲ್ಲಿ ಸರ್ವೆ ನಂಬರು ಹುಡುಕಲು ಲಿನಕ್ಸ್ ಕಂಪ್ಯೂಟರಿನಲ್ಲಿ ರಿಕಾಲ್ ತಂತ್ರಾಂಶವನ್ನು ಬಳಸುತ್ತಿದ್ದೆ. ವ್ಯವಸ್ಥೆಯನ್ನು ಹೊಸ ಆವೃತ್ತಿಗೆ ಏರಿಸಿದ ಮೇಲೆ, ‘ಲಿಬ್‌ಝೇಪಿಯನ್.ಎಸ್‌ಒ.22’ ಸಿಗುತ್ತಿಲ್ಲವೆಂದು ಹೇಳಿ ಅದು ತೆರೆಯುವುದೇ ಇಲ್ಲ. ನನ್ನ ಕಡತಗಳು ಹಾಳಾದವೇ?

ಉತ್ತರ: ಕಡತಗಳಿಗೆ ಏನೂ ಆಗಿಲ್ಲ. ರಿಕಾಲ್ ಪದಸೂಚಿಯನ್ನು ಕಟ್ಟುವ ಕೆಲಸವನ್ನು ಝೇಪಿಯನ್ ಎಂಬ ಲೈಬ್ರರಿಗೂ (ಬೇರೆ ತಂತ್ರಾಂಶಗಳು ಬಳಸಿಕೊಳ್ಳಲೆಂದು ಬರೆದಿಟ್ಟ ಸಿದ್ಧ ಕೋಡ್), ಪರದೆಯ ಮೇಲಿನ ಕಿಟಕಿ, ಗುಂಡಿಗಳ ಕೆಲಸವನ್ನು ಕ್ಯೂಟಿ ಲೈಬ್ರರಿಗೂ ಒಪ್ಪಿಸಿರುತ್ತದೆ. ನಿಮ್ಮ ಕಡೆ ಒಂದೇ ಆಲೆಮನೆಯಲ್ಲಿ ಹಲವರ ಕಬ್ಬು ಅರೆಯುವ ಹಾಗೆ, ಇಂತಹ ಲೈಬ್ರರಿಯ ಒಂದೇ ಪ್ರತಿ ಡಿಸ್ಕಿನಲ್ಲಿದ್ದು, ಬೇಕಾದ ತಂತ್ರಾಂಶಗಳೆಲ್ಲ ಶುರುವಾಗುವಾಗ ಅದನ್ನೇ ಕೂಡಿಸಿಕೊಳ್ಳುತ್ತವೆ. ಹೆಸರಿನ ಕೊನೆಯ ಅಂಕಿಯೇ ಹೊಂದಾಣಿಕೆಯ ಗುರುತು: ಝೇಪಿಯನ್ 1.2 ಸರಣಿಯದು 22, 1.4 ಸರಣಿಯದು 30. ನಿಮ್ಮ ಹಳೆಯ ರಿಕಾಲ್ 22ನ್ನೇ ಕೇಳುತ್ತಿದೆ. ಏರಿಸುವಾಗ ಅದು ತೆಗೆದುಹೋಗಿರಬೇಕು. ಟರ್ಮಿನಲ್‌ನಲ್ಲಿ ರಿಕಾಲ್‌ನ ಕಾರ್ಯಕಡತದ ಮೇಲೆ ‘ಎಲ್‌ಡಿಡಿ’ ಆದೇಶವನ್ನು ಓಡಿಸಿದರೆ, ಇಲ್ಲದ ಲೈಬ್ರರಿಯ ಮುಂದೆ ‘ನಾಟ್ ಫೌಂಡ್’ ಎಂದು ಬರುತ್ತದೆ. 30ಕ್ಕೇ 22 ಎಂಬ ಹೆಸರಿನ ಕೊಂಡಿ ಹಾಕಿ ಸುಧಾರಿಸಿಕೊಳ್ಳಿ ಎಂದು ಯಾರಾದರೂ ಹೇಳಿದರೆ ದಯವಿಟ್ಟು ಕೇಳಬೇಡಿ. ಒಳರಚನೆ ಬೇರೆಯಾದ್ದರಿಂದ ತಂತ್ರಾಂಶ ನಡುವೆಯೇ ಕುಸಿಯಬಹುದು. ನಿಮ್ಮ ಲಿನಕ್ಸ್ ವಿತರಣೆಯ ಭಂಡಾರದಿಂದಲೇ ಹೊಸ ರಿಕಾಲ್ ಹಾಕಿಕೊಂಡು, ಸೂಚಿಯನ್ನು ಒಮ್ಮೆ ಹೊಸದಾಗಿ ಕಟ್ಟಿಸಿ.