ಹತ್ತು ದಿನದ ಗಡುವು ಎರಡಿವೆ ಸರ್, ನೀವು ಎಣಿಸಿದ್ದು ಯಾವುದು?

ಪ್ರಾಮಿಸರಿ ನೋಟಿನ ಮೇಲೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 37ರಡಿ (ಬೇಗ ತೀರ್ಮಾನವಾಗುವ ಸಂಕ್ಷಿಪ್ತ ವಿಧಾನದಲ್ಲಿ) ದಾವೆ ಹಾಕಿ ಐದು ತಿಂಗಳಾಯಿತು, ಪ್ರತಿವಾದಿ ಈಗ ಲೀವ್ ಟು ಡಿಫೆಂಡ್ (ಪ್ರತಿವಾದ ಹೂಡಲು ಕೋರ್ಟಿನ ಅನುಮತಿ) ಅರ್ಜಿ ಹಾಕಿದ್ದಾನೆ, 10 ದಿನ ದಾಟಿದ್ದರಿಂದ ಡಿಕ್ರಿ ತಾನಾಗಿಯೇ ಆಗಬೇಕಲ್ಲವೇ ಎಂದು ಕೇಳಿದ್ದೀರಿ.

ಮೊದಲು ಆರ್ಡರ್ ಶೀಟ್ (ಕೇಸಿನಲ್ಲಿ ಪ್ರತಿ ವಾಯಿದೆಗೆ ಏನಾಯಿತೆಂಬ ಕೋರ್ಟಿನ ದಾಖಲೆ) ತೆಗೆಸಿ ನೋಡಿ. ದಾವೆಯ ಸಮನ್ಸ್ ಜಾರಿಯಾದ 10 ದಿನದೊಳಗೆ ಅವನು ಹಾಜರಾತಿ ದಾಖಲಿಸಬೇಕು, ಅಷ್ಟೇ. ಆಮೇಲೆ ನೀವು ಅಫಿಡವಿಟ್ ಸಮೇತ ನಮೂನೆ 4ಎ ಪ್ರಕಾರ ‘ಸಮನ್ಸ್ ಫಾರ್ ಜಡ್ಜ್‌ಮೆಂಟ್’ (ತೀರ್ಪು ಕೋರಿ ಕಳಿಸುವ ಎರಡನೇ ಸಮನ್ಸ್) ಜಾರಿ ಮಾಡಿಸಬೇಕು. ಲೀವ್ ಕೇಳುವ 10 ದಿನ ಶುರುವಾಗುವುದು ಅದು ಜಾರಿಯಾದ ದಿನದಿಂದ. ನಿಮ್ಮ ಕಡೆಯಿಂದ ಅದೇ ಹೋಗಿಲ್ಲದಿದ್ದರೆ ಅವನ ಅರ್ಜಿ ತಡವೇ ಅಲ್ಲ. ನಮ್ಮದೊಂದು ಕೇಸಿನಲ್ಲಿ ಇದನ್ನು ಮರೆತು ಮೂರು ವಾಯಿದೆ ಎದುರಾಳಿಯನ್ನೇ ಬೈದುಕೊಂಡು ಕೂತಿದ್ದೆವು!

ನಿಜವಾಗಿ ತಡವಾಗಿದ್ದರೂ, ಸಾಕಷ್ಟು ಕಾರಣ ತೋರಿಸಿದರೆ ಅದೇ ಆರ್ಡರ್ 37ರ ನಿಯಮ 3(7)ರಡಿ ಕೋರ್ಟು ಮನ್ನಿಸಬಹುದು. ಬರೀ ‘ಹುಷಾರಿರಲಿಲ್ಲ’ ಅಂತ ಬರೆದಿದ್ದಾನಾ? ಯಾವ ತಾರೀಖಿನಿಂದ ಯಾವ ತಾರೀಖಿನವರೆಗೆ, ಡಾಕ್ಟರ ಚೀಟಿ ಎಲ್ಲಿ ಎಂದು ತಕರಾರಿನಲ್ಲೇ ಕೇಳಿ.

ಲೀವ್ ಕೊಟ್ಟರೂ ಷರತ್ತು ಹಾಕಿಸಲು ನೋಡಿ. ಪ್ರತಿವಾದ ಕೇಳಲು ಸರಿ ಅನಿಸಿದರೂ ನಿಜವಾಗಿರುವ ಸಂಭವ ಕಡಿಮೆ ಎನಿಸಿದರೆ ಅಸಲು, ಬಡ್ಡಿ ಠೇವಣಿ ಇಡಿಸಬಹುದು ಎಂದು ಸುಪ್ರೀಂ ಕೋರ್ಟ್ 2016ರ ಐಡಿಬಿಐ ಟ್ರಸ್ಟೀಶಿಪ್–ಹಬ್‌ಟೌನ್ ತೀರ್ಪಿನಲ್ಲಿ ಹೇಳಿದೆ. ಇನ್ನೊಂದು, ಅವನ ಅಫಿಡವಿಟ್ಟನ್ನು ಸಾಲುಸಾಲಾಗಿ ಓದಿ. ‘ಒಂದು ಲಕ್ಷ ಮಾತ್ರ ಬಾಕಿ’ ಎಂದು ಎಲ್ಲಾದರೂ ಒಪ್ಪಿಕೊಂಡಿದ್ದರೆ, ಆ ಒಂದು ಲಕ್ಷವನ್ನು ಕೋರ್ಟಿನಲ್ಲಿ ಕಟ್ಟದೆ ಅವನಿಗೆ ಲೀವ್ ಕೊಡುವಂತಿಲ್ಲ.